ಗೋಡೆಯ ಮೇಲಿನ ಸೀನಿಯರ್

ಗಂಡನ ಬಗ್ಗೆ ನಾಲ್ಕು ಮಾತು ಬರೆಯಲೆಂದು ಕುಳಿತ ಸಪ್ನಾ ಮೊದಲನೆಯ ಮಾತನ್ನು ಬರೆದು ಓದಿಕೊಂಡಳು, ಅದು ಗಂಡನ ಬಗ್ಗೆ ಅಲ್ಲ ಎಂದು ಗೊತ್ತಾಗಿ ಹೊಡೆದುಹಾಕಿದಳು. 'ನ್ಯಾಯ ಕೇಳಿ ಬಂದವರಿಗಾಗಿ ಅವರು ಊರಿಂದ ಊರಿಗೆ, ಕೋರ್ಟಿನಿಂದ ಕೋರ್ಟಿಗೆ ಬಿಸಿಲು ಚಳಿ ಎನ್ನದೆ ಅಲೆದರು' ಎಂದು ಬರೆದಿದ್ದಳು. ಅಲೆದದ್ದೇನೋ ಸುಳ್ಳಲ್ಲ. ಇವತ್ತು ಬೈಲಹೊಂಗಲ, ನಾಳೆ ಸವದತ್ತಿ, ನಡುವೆ ಯಾವಾಗಲೋ ರಾಮದುರ್ಗ, ಹೊಲದ ಉತಾರದ ತಕರಾರಿದ್ದರೆ ಕಿತ್ತೂರಿನ ತಹಶೀಲ್ದಾರ ಕಚೇರಿ. ವಿರೂಪಾಕ್ಷನ ವಾರಗಳೆಲ್ಲ ಬಸ್ಸಿನ ಕಿಟಕಿಯಲ್ಲೇ ಕಳೆದಿದ್ದವು. ಆದರೆ ಅವಳ ವಾಕ್ಯದಲ್ಲಿ ಬಸ್ಸು ಇರಲಿಲ್ಲ. ಅಲ್ಲಿ ಒಂದು ಕುದುರೆ ಇತ್ತು, ಬೂದು ಬಣ್ಣದ್ದು, ತುಸು ಕುಂಟುವಂಥದ್ದು. ಅದರ ಮೇಲೆ ಮೀಸೆ ಬೋಳಿಸಿ ಗಡ್ಡ ಮಾತ್ರ ಬಿಟ್ಟ ಉದ್ದ ಮೋರೆಯ ಒಬ್ಬ ಮನುಷ್ಯ ಕುಳಿತಿದ್ದ. ಹೈರಮ್ ಕ್ರೋಲ್. ಹತ್ತೊಂಬತ್ತನೆಯ ಶತಮಾನದ ಅಮೆರಿಕದ ಒಂದು ಸಣ್ಣ ಊರಿನ ವಕೀಲ, ಒಂದೇ ಒಂದು ಅವಧಿಗೆ ಅಲ್ಲಿಯ ಸಂಸತ್ತಿನಲ್ಲಿ ಕುಳಿತು ಎದ್ದು ಬಂದವನು, ಆಮೇಲೆ ನಿಂತ ಚುನಾವಣೆಗಳಲ್ಲೆಲ್ಲ ಸೋತವನು. ಅವಳ ಪಿಎಚ್‌ಡಿಯ ವಿಷಯ. ಧಾರವಾಡದಲ್ಲಿ ಗೈಡ್ ಮಹಾಶಯರು, ಭಾರತದಲ್ಲಿ ಇವನ ಮೇಲೆ ಇದುವರೆಗೆ ಯಾರೂ ಕೆಲಸ ಮಾಡಿಲ್ಲವಮ್ಮಾ ಎಂದಾಗ ಅವಳ ರೋಮ ನಿಂತಿತ್ತು. ಯಾರೂ ಮಾಡದಿರುವುದಕ್ಕೆ ಕಾರಣವೂ ಇದ್ದೀತು ಎಂದು ಆಗ ಹೊಳೆಯಲಿಲ್ಲ. ಹತ್ತಿರದ ಕಿತ್ತೂರಿನ ಮೇಲೇ ಮಾಡಬಹುದಿತ್ತಲ್ಲ ಎಂದು ಕೇಳಿದವರಿಗೆ, ಕಿತ್ತೂರಿನ ಮೇಲೆ ಪಿಎಚ್‌ಡಿ ಮಾಡಿದವರೆಲ್ಲ ಒಮ್ಮೆಗೇ ಬಂದು ನಿಂತರೆ ಕೋಟೆಯೊಳಗೆ ಜಾಗ ಸಾಲುವುದಿಲ್ಲ ಎಂದು ಹೇಳಿ ನಗಿಸುತ್ತಿದ್ದಳು. ಜನ ನಗುತ್ತಿದ್ದರು. ಅವಳ ಬುದ್ಧಿವಂತಿಕೆಗೆ ನಗುತ್ತಾರೆ ಎಂದು ಅವಳು ನಂಬಿದ್ದಳು.

ಅಡುಗೆಮನೆಯಲ್ಲಿ ರಾಚವ್ವ ರೊಟ್ಟಿ ಬಡಿಯುವ ಸದ್ದು ನಿಂತಿತು. ಅತ್ತೆಯ ಕೈ ನಿಂತರೆ ಮಾತು ಬರುತ್ತದೆ ಎಂದು ಸಪ್ನಾಳಿಗೆ ಗೊತ್ತು.

"ಏನ ಬರದಿ? ಓದಿ ಹೇಳು ನೋಡೂನು."

"ಇನ್ನೂ ಏನಿಲ್ರಿ ಅತ್ತಿ."

"ಆ ಅಮೇರಿಕಾದಾಂವನ ಮ್ಯಾಲೆ ಅಷ್ಟ ದಪ್ಪ ಬುಕ್ಕ ಬರದಿ. ನನ್ನ ಮಗಗ ನಾಕ ಮಾತು ಸಿಗವಲ್ಲವೇನ ನಿನಗ?"

ರಾಚವ್ವ ಇದನ್ನು ಸಿಟ್ಟಿನಿಂದ ಹೇಳಲಿಲ್ಲ. ಹಿಟ್ಟು ಮುಗಿಯಿತೇ ಎಂದು ಕೇಳುವ ದನಿಯಲ್ಲಿ ಹೇಳಿ ಮತ್ತೆ ಬಡಿಯತೊಡಗಿದಳು. ಸಪ್ನಾ ಹಾಳೆಯನ್ನು ನೋಡುತ್ತ ಕುಳಿತಳು. ಹನ್ನೊಂದಕ್ಕೆ ಕೋರ್ಟಿನ ಆವರಣದ ಲೈಬ್ರರಿಯಲ್ಲಿ ವಕೀಲರ ಸಂಘದವರು ವಿರೂಪಾಕ್ಷನ ಭಾವಚಿತ್ರ ಅನಾವರಣ ಮಾಡುವವರಿದ್ದರು. ಸತ್ತು ವರ್ಷವಾಯಿತು. ಹೆಂಡತಿ ಬಂದು ನಾಲ್ಕು ಮಾತು ಆಡಬೇಕು. ಕ್ರೋಲ್ ತನ್ನ ಕೊನೆಯ ದಿನ ಬೇಯಿಸಿದ ಬಟಾಟೆ ತಿಂದು ತಣ್ಣನೆಯ ಹಾಲು ಕುಡಿದ ಎಂದು ಅವಳು ಹೇಳಬಲ್ಲಳು. ಅವನಿಗೆ ಎಡಗಿವಿ ಕೇಳಿಸುತ್ತಿರಲಿಲ್ಲ, ಮಾವನ ಮನೆಯ ನಾಯಿಗೆ ಹೆದರುತ್ತಿದ್ದ, ಯಾವ ವಿರೋಧಿಯ ಯಾವ ಮಾತಿಗೆ ಎಷ್ಟು ದಿನ ಮುಖ ಊದಿಸಿಕೊಂಡಿದ್ದ ಎಂಬುದನ್ನೂ ಹೇಳಬಲ್ಲಳು. ವಿರೂಪಾಕ್ಷ ತನ್ನ ಕೊನೆಯ ಬೆಳಿಗ್ಗೆ ಸವದತ್ತಿಯಲ್ಲಿ ಏನು ತಿಂದ ಎಂಬುದು ಅವಳಿಗೆ ಗೊತ್ತಿರಲಿಲ್ಲ. ಏನಾದರೂ ತಿಂದನೇ ಎಂಬುದೂ ಗೊತ್ತಿರಲಿಲ್ಲ. ಸಂಶೋಧಕಿ.

ಅವಳ ಪ್ರಬಂಧದ ನೋಂದಣಿಯಾದ ವಾರ ವಿರೂಪಾಕ್ಷ ಕಂಪ್ಯೂಟರಿನಿಂದ ಕ್ರೋಲನ ಚಿತ್ರವೊಂದನ್ನು ಇಳಿಸಿಕೊಂಡು, ಬಜಾರಿನಲ್ಲಿ ದೊಡ್ಡದು ಮಾಡಿಸಿ, ಕಟ್ಟು ಹಾಕಿಸಿ, ಮನೆಯ ಮುಂಭಾಗದ ತನ್ನ ಆಫೀಸಿನಲ್ಲಿ ಕುರ್ಚಿಯ ಹಿಂದೆ ತೂಗು ಹಾಕಿದ್ದ. ಅವಳಿಗೆ ಖುಷಿಯಾಗಲಿ ಎಂದು. ಅವಳು ಚೌಕಟ್ಟಿನ ಬಂಗಾರದ ಬಣ್ಣ ಆ ಕಾಲಕ್ಕೆ ಹೊಂದುವುದಿಲ್ಲ ಎಂದಳು. ಪಕ್ಷಗಾರರು ಯಾರ್ರೀ ಇವರು ಎಂದು ಕೇಳಿದರೆ ಅವನು ಗಂಭೀರವಾಗಿ, "ನಮ್ಮ ಸೀನಿಯರ್" ಎನ್ನುತ್ತಿದ್ದ. ಬೈಲಹೊಂಗಲದಲ್ಲಿ ವಕೀಲನಿಗೆ ಸೀನಿಯರ್ ಎಂದರೆ ಗುರು. ಗುರು ಎಂದ ಮೇಲೆ ಕೈ ಮುಗಿಯದೆ ಕೂರುವುದು ಹೇಗೆ? ಆಸ್ತಿ ಪಾಲಿನ ವಾಟ್ನಿ ದಾವೆಯವರು, ದಾರಿ ತಕರಾರಿನವರು, ದೊಡವಾಡದಿಂದ ಎಮ್ಮೆ ಕೇಸಿಗೆ ಬಂದವರು, ಎಲ್ಲರೂ ಮೊದಲು ಕ್ರೋಲನಿಗೆ ಕೈ ಮುಗಿದು ಆಮೇಲೆ ಕಾಗದ ಬಿಚ್ಚುತ್ತಿದ್ದರು. ಯಾರೋ ಹಣೆಗೆ ವಿಭೂತಿ ಹಚ್ಚಿದರು. ಕಾರಕೂನ ಶಟ್ಟೆಪ್ಪ ತನ್ನ ಪಾಡಿಗೆ ದಿನಾ ಬೆಳಿಗ್ಗೆ ಒಂದು ಊದಿನಕಡ್ಡಿ ಹಚ್ಚತೊಡಗಿದ. ಗೆದ್ದವರೊಬ್ಬರು ಸಿರಸಂಗಿಯಿಂದ ಹಾರವನ್ನೇ ತಂದು ಹಾಕಿದರು. ತನ್ನ ಊರಿನ ಜನವೇ ಮರೆತುಬಿಟ್ಟಿದ್ದ ಕ್ರೋಲನಿಗೆ ಬೈಲಹೊಂಗಲದಲ್ಲಿ ನಿತ್ಯಪೂಜೆ. ಇದರ ಮೇಲೆ ಒಂದು ಲೇಖನ ಬರೆದು ಯಾವುದಾದರೂ ಸೆಮಿನಾರಿನಲ್ಲಿ ಓದಬೇಕೆಂದು ಅವಳು ಬಹಳ ದಿನ ಯೋಚಿಸಿದ್ದಳು. ಲೇಖನದಲ್ಲಿ ಗಂಡನ ಹೆಸರು ಬರುವ ಅಗತ್ಯವಿರಲಿಲ್ಲ. 'ಒಬ್ಬ ಸ್ಥಳೀಯ ವಕೀಲ' ಎಂದರೆ ಸಾಕಾಗುತ್ತಿತ್ತು.

ಮನೆಯಲ್ಲಿ ಅವನಿಗೆ ಈ ತಮಾಷೆ ಸಾಲುತ್ತಿರಲಿಲ್ಲ. ಕೋರ್ಟಿನಿಂದ ಬಂದು ಚಪ್ಪಲಿ ಬಿಡುತ್ತ, "ಡಾಕ್ಟರ್ ಬಾಯಾರ, ಸೀನಿಯರ್ ಆರಾಮ ಅದಾರಿಲ್ಲ?" ಎಂದು ಕೇಳುತ್ತಿದ್ದ. ಅವಳು ಕೀಲಿಮಣೆಯಿಂದ ಕಣ್ಣೆತ್ತದೆ ಕ್ರೋಲನ ಅವತ್ತಿನ ಸುದ್ದಿ ಹೇಳುತ್ತಿದ್ದಳು: ಇವತ್ತು ನೆಗಡಿ, ಇವತ್ತು ಭಾಷಣ, ಇವತ್ತು ಸೋತರು. ಊಟಕ್ಕೆ ಕುಳಿತು ಮೊದಲ ತುತ್ತು ಬಾಯಿಗಿಟ್ಟು ಅವನು, "ಉಪ್ಪು ತುಸು ಕಡಿಮಿ ಆಗೇತಿ" ಎನ್ನುತ್ತಿದ್ದ. ಯಾರು ಮಾಡಿದರೂ, ಏನು ಮಾಡಿದರೂ. ಅದಕ್ಕೆಂದೇ ರಾಚವ್ವ ಅವನ ತಾಟಿನ ಪಕ್ಕ ಉಪ್ಪಿನ ಬಟ್ಟಲು ಇಡುತ್ತಿದ್ದಳು. ವರ್ಷವಾದರೂ ಬಟ್ಟಲು ಇನ್ನೂ ಅಲ್ಲಿಯೇ ಇದೆ. ಯಾರೂ ತೆಗೆದಿಲ್ಲ, ತೆಗೆದರೆ ಯಾಕೆ ತೆಗೆದೆ ಎಂದು ಇನ್ನೊಬ್ಬರು ಕೇಳುತ್ತಾರೆ.

ಅವಳು ಎರಡನೆಯ ಮಾತು ಬರೆದಳು: 'ತಮ್ಮ ವೃತ್ತಿಯಲ್ಲಿ ನಿಷ್ಠೆಯಿಂದ ದುಡಿಯುತ್ತಲೇ ಅವರು ಕೊನೆಯುಸಿರೆಳೆದರು.' ಇದು ಕ್ರೋಲನದಲ್ಲ, ವಿರೂಪಾಕ್ಷನದೇ. ಆದರೆ ಅದರ ಒಳಗೆ ಇದ್ದದ್ದು ಇಷ್ಟು: ಸವದತ್ತಿ ಕೋರ್ಟಿನಲ್ಲಿ ತನ್ನ ಕೇಸು ಕೂಗಿದಾಗ ವಿರೂಪಾಕ್ಷ ಎದ್ದು ನಿಂತು, ಸಾಕ್ಷಿ ಬಂದಿಲ್ಲ ಸ್ವಾಮಿ, ಮುಂದಿನ ತಾರೀಖು ಕೊಡಬೇಕು ಎಂದು ಕೇಳಿ, ಎದೆ ಹಿಡಿದುಕೊಂಡು ಬೆಂಚಿನ ಮೇಲೆ ಬಿದ್ದ. ತಾರೀಖು ಸಿಕ್ಕಿತು. ಶಟ್ಟೆಪ್ಪ ಅಳುತ್ತಲೇ ಅದನ್ನು ಬರೆದುಕೊಂಡು ಬಂದಿದ್ದ. ಅವನ ಕರಿ ಕೋಟು ಒಂದು ಪ್ಲಾಸ್ಟಿಕ್ ಚೀಲದಲ್ಲಿ ಮನೆಗೆ ಬಂತು, ಹೆಗಲ ಮೇಲೆ ಹಳದಿ ಭಂಡಾರ. ಅವತ್ತು ಹುಣ್ಣಿಮೆ, ಎಲ್ಲಮ್ಮನ ಗುಡ್ಡಕ್ಕೆ ಹೋಗುವವರ ಬಸ್ಸಿನಲ್ಲಿ ನಿಂತುಕೊಂಡು ಹೋಗಿರಬೇಕು. ಆ ಕೋಟನ್ನು ಅವಳು ಇನ್ನೂ ತೊಳೆಸಿಲ್ಲ. ನೋಡಿದವರು ಪ್ರೀತಿ ಎಂದುಕೊಂಡರು, ಓಣಿಯ ಬಾಯವ್ವ ಕಣ್ಣೊರೆಸಿಕೊಂಡು ಹೋದಳು. ನಿಜವೆಂದರೆ ಆ ಕೋಟನ್ನು ಯಾರಿಗೆ ಕೊಡಬೇಕು, ಏನೆಂದು ಹೇಳಿ ಕೊಡಬೇಕು ಎಂದು ತೋಚದೆ ಅದು ಬಾಗಿಲ ಹಿಂದೆ ಉಳಿದಿತ್ತು. ಅವನು ಸತ್ತ ದಿನದ ಬೆಳಿಗ್ಗೆಯೂ ಅದು ಅಲ್ಲಿಯೇ ಇತ್ತು. "ನನ್ನ ಕೋಟು ಎಲ್ಲೈತಿ?" ಎಂದು ಅವನು ಕೇಳಿದ್ದ. "ಅಲ್ಲೇ ಐತಿ ನೋಡ್ರಿ" ಎಂದು ಅವಳು ಹೇಳಿದ್ದಳು. ಕಣ್ಣೆತ್ತಿರಲಿಲ್ಲ. ಕ್ರೋಲನ ಸಾವಿನ ಅಧ್ಯಾಯ ಅರ್ಧವಾಗಿತ್ತು, ಕಿಟಕಿಯ ಹೊರಗೆ ಅವನ ಊರಿನಲ್ಲಿ ಮಂಜು ಬೀಳುತ್ತಿತ್ತು, ಅವಳ ಕಣ್ಣಂಚು ಒದ್ದೆಯಾಗಿತ್ತು. ಗಂಡ ಬಾಗಿಲು ಎಳೆದುಕೊಂಡು ಹೋದ. ಅವಳು ಕ್ರೋಲನಿಗಾಗಿ ಅತ್ತಳು. ಚೆನ್ನಾಗಿಯೇ ಅತ್ತಳು. ಸಂಜೆ ಮನೆ ತುಂಬ ಜನ ನೆರೆದಾಗ ಮಾತ್ರ ಕಣ್ಣೀರು ಬರಲಿಲ್ಲ, ಆಮೇಲೂ ಬರಲಿಲ್ಲ.

ಅತ್ತೆ ಬರುವುದಿಲ್ಲ ಎಂದು ನಿನ್ನೆಯೇ ಹೇಳಿಬಿಟ್ಟಿದ್ದಳು. ಮಗನ ಫೋಟೋಕ್ಕೆ ಮಾಲೆ ಬೀಳುವುದನ್ನು ಕುರ್ಚಿ ಹಾಕಿಕೊಂಡು ನೋಡಲು ತನ್ನಿಂದಾಗದು. ಶಟ್ಟೆಪ್ಪ ಬಂದು ಬಾಗಿಲಲ್ಲಿ ಕೆಮ್ಮಿದ. ಅವಳು ಎರಡು ಮಾತಿನ ಹಾಳೆಯನ್ನು ಮಡಚಿ ಕೈಯಲ್ಲಿ ಹಿಡಿದು ಹೊರಟಳು. ಕೋರ್ಟು ದೂರವಲ್ಲ. ಅರಳೆ ತುಂಬಿದ ಟ್ರ್ಯಾಕ್ಟರುಗಳು ರಸ್ತೆಯುದ್ದಕ್ಕೂ ಬಿಳಿ ಎಳೆ ಚೆಲ್ಲುತ್ತ ಹೋಗುತ್ತಿದ್ದವು. ಮಂಜು ಹೀಗೆಯೇ ಇರುತ್ತದೆಯೇ ಎಂದು ಒಂದು ಕ್ಷಣ ಅನ್ನಿಸಿ, ಮತ್ತೆ ಅವನೇ ಬಂದನಲ್ಲ ಎಂದು ತನ್ನ ಮೇಲೆಯೇ ಹೇಸಿಗೆಯಾಯಿತು.

ಲೈಬ್ರರಿಯ ಬಾಗಿಲಲ್ಲಿ ಹೊಸದಾಗಿ ವಕೀಲಿ ಸನ್ನದು ಪಡೆದ ಮೀನಾ ಎಂಬ ಹುಡುಗಿ ಬೆಳ್ಳಿ ತಟ್ಟೆ ಹಿಡಿದು ನಿಂತಿದ್ದಳು. ಅರಿಶಿನ, ಕುಂಕುಮ, ಅತ್ತರು, ಗುಲಾಬಿ. ಬಂದ ಹೆಂಗಸರಿಗೆಲ್ಲ ಹಚ್ಚುತ್ತಿದ್ದವಳು ಸಪ್ನಾ ಎದುರಾದ ಕೂಡಲೇ ಕುಂಕುಮದ ಕಡೆ ಹೊರಟ ಬೆರಳನ್ನು ಹಾಗೆಯೇ ನಿಲ್ಲಿಸಿದಳು. ಆ ಬೆರಳು ಎಲ್ಲಿಗೆ ಹೋಗಬೇಕೆಂದು ತಿಳಿಯದೆ ಅತ್ತರಿನ ತನಕ ಹೋಗಿ ತಿರುಗಿ ಬಂತು. ಎಲ್‌ಎಲ್‌ಬಿಯಲ್ಲಿ ಇದನ್ನು ಕಲಿಸುವುದಿಲ್ಲ. ಕೊನೆಗೆ ಅವಳು ಒಂದು ಗುಲಾಬಿ ಕೊಟ್ಟಳು, ಅಷ್ಟಕ್ಕೆ ಸಮಾಧಾನವಾಗದೆ ಇನ್ನೊಂದನ್ನೂ ಕೊಟ್ಟಳು. ಉಳಿದವರಿಗೆಲ್ಲ ಒಂದೊಂದು. ಕುಂಕುಮಕ್ಕೆ ಬದಲಾಗಿ ಒಂದು ಗುಲಾಬಿ ಹೆಚ್ಚು ಎಂಬುದು ಬಹಳ ನ್ಯಾಯವಾದ ಪರಿಹಾರ ಎಂದು ಸಪ್ನಾಳಿಗೆ ಅನಿಸಿತು. ಹುಡುಗಿ ಒಳ್ಳೆಯ ವಕೀಲಳಾಗುತ್ತಾಳೆ. ಎರಡು ಗುಲಾಬಿ ಮತ್ತು ಎರಡು ಮಾತು ಹಿಡಿದು ಅವಳು ವೇದಿಕೆಯ ಮೇಲೆ ಕುಳಿತಳು.

ಪಕ್ಕದಲ್ಲಿ ಸಂಘದ ಅಧ್ಯಕ್ಷರಾದ ಮಡಿವಾಳೆಪ್ಪ ವಕೀಲರು. ಐವತ್ತೈದು ದಾಟಿದ, ಎಲೆ ಅಡಿಕೆ ಬಾಯಿಯ, ದೊಡ್ಡ ಹೊಟ್ಟೆಯ ಮನುಷ್ಯ. ಅವಳ ಕಡೆ ಬಾಗಿ, "ತಂಗೀ, ಹೆದರಬ್ಯಾಡವಾ. ನಾಕ ಮಾತು ಸಾಕು. ಉದ್ದ ಮಾತಾಡಾಕ ನಾವದೀವಿ" ಎಂದರು. ಇವರಿಗೆ ಎದುರಾಗಿಯೇ ವಿರೂಪಾಕ್ಷ ಸಂಘದ ಚುನಾವಣೆಗೆ ನಿಂತು ಸೋತಿದ್ದ, ಸಾಯುವ ಹಿಂದಿನ ವರ್ಷ. ಕೆಲವೇ ಮತಗಳಿಂದ. ಯಾರು ಕೊನೆಗಳಿಗೆಯಲ್ಲಿ ತಿರುಗಿದರು ಎಂಬುದನ್ನು ಅವನು ಆ ರಾತ್ರಿ ಪೂರ್ತಿ ಬೆರಳು ಮಡಚಿ ಲೆಕ್ಕ ಹಾಕಿದ್ದ. ಮರುದಿನ ಮುಂಜಾನೆಯೆಲ್ಲ ತಲೆ ತುಂಬ ಚಾದರ ಹೊದ್ದು ಮಲಗಿದ್ದ. ಮಧ್ಯಾಹ್ನ ಎದ್ದವನೇ, ಸುಮ್ಮ ಅಡ್ಡಾಡಿ ಬರತೇನಿ ಎಂದು ಹೋಗಿ, ಬಿಸಿಲು ಇಳಿದ ಮೇಲೆ ಬಂದು, ಹಸಿವಿಲ್ಲ ಎಂದ. ಅವಳು ತಾಟು ಹಾಕಿ ಕಾದಿದ್ದಳು. ಸೋತ ಸಿಟ್ಟನ್ನು ಅನ್ನದ ಮ್ಯಾಲೆ ಯಾಕ ತೋರಸ್ತೀರಿ ಎಂದಳು. ಅವನು ನಕ್ಕ. ಆ ನಗೆ ಅವಳಿಗೆ ಸಿಟ್ಟು ತರಿಸಿತು, ತಾಟು ಎತ್ತಿಟ್ಟು ಕ್ರೋಲನ ಬಳಿಗೆ ಹೋದಳು. ಕ್ರೋಲ್ ಸೋತಾಗ ಹೀಗೆ ಮಾಡುತ್ತಿರಲಿಲ್ಲ.

ಭಾವಚಿತ್ರದ ಪರದೆ ಎಳೆದರು. ಪರದೆಯ ದಾರವನ್ನು ಮಡಿವಾಳೆಪ್ಪನವರೇ ಎಳೆದರು. ಹೆಂಡತಿಯ ಕೈಯಿಂದ ಎಳೆಸಬೇಕೆ ಬೇಡವೆ ಎಂದು ಸಮಿತಿಯಲ್ಲಿ ಚರ್ಚೆಯಾಗಿತ್ತಂತೆ, ಶಟ್ಟೆಪ್ಪ ದಾರಿಯಲ್ಲಿ ಹೇಳಿದ್ದ. ಚಿತ್ರದಲ್ಲಿ ವಿರೂಪಾಕ್ಷ ಅವಳಿಗೆ ಪರಿಚಯವಿಲ್ಲದಷ್ಟು ಗಂಭೀರವಾಗಿದ್ದ. ಫೋಟೋದವನು ಮುಖವನ್ನು ಬೆಳ್ಳಗೆ ಮಾಡಿದ್ದ, ಕೋಟಿನ ಹೆಗಲು ಸ್ವಚ್ಛವಾಗಿತ್ತು. ಅವಳ ಹೆಸರು ಕರೆದರು. ಮೈಕಿನ ಮುಂದೆ ನಿಂತು ಹಾಳೆ ಬಿಚ್ಚಿದಳು, ಗುಲಾಬಿಗಳು ಅಡ್ಡ ಬಂದವು. ಮೊದಲನೆಯ ಮಾತಿನ ಮೇಲೆ ತಾನೇ ಗೀಟು ಎಳೆದಿದ್ದಳು. ಉಳಿದದ್ದು ಒಂದು, ಕೊನೆಯುಸಿರಿನದು. ಕೊನೆಯುಸಿರಿನಿಂದ ಸುರುಮಾಡುವುದು ಹೇಗೆ?

"ಅವರು ಊರಿಂದ ಊರಿಗೆ ತಿರುಗಿದವರು" ಎಂದಳು. ದನಿ ಬಂತು. ಜನ ತಲೆಯಾಡಿಸಿದರು. "ಬಡವರು ಬಂದರೆ ಫೀಸು ಕೇಳತಿದ್ದಿಲ್ಲ." ಹಿಂದಿನ ಸಾಲಿನಲ್ಲಿ ಶಟ್ಟೆಪ್ಪನಿಗೆ ಕೆಮ್ಮು ಬಂತು. ಫೀಸು ವಸೂಲಿ ಮಾಡುತ್ತಿದ್ದವನು ಅವನೇ. ಆದರೆ ಉಳಿದವರು ಕಣ್ಣರಳಿಸಿ ಕೇಳುತ್ತಿದ್ದರು. ಒಬ್ಬರು 'ಖರೇ' ಎಂದರು. ಪ್ರಬಂಧದ ಮೌಖಿಕ ಪರೀಕ್ಷೆಗೆಂದು ಕ್ರೋಲನ ಗುಣಗಳನ್ನು ಎಷ್ಟು ಸಲ ಕನ್ನಡಿಯ ಮುಂದೆ ಒಪ್ಪಿಸಿದ್ದಳು! ವಾಕ್ಯಗಳು ತಾವೇ ಸಾಲು ಹಿಡಿದು ಬಂದವು. ಅವರು ಎದುರು ಪಕ್ಷದ ಸಾಕ್ಷಿಯನ್ನು ಎಂದೂ ಹೀನಾಯವಾಗಿ ಮಾತಾಡಿಸಲಿಲ್ಲ. ತಮಗೆ ಬಂದ ಹೊಗಳಿಕೆಯನ್ನು ಜೂನಿಯರುಗಳಿಗೆ ಹಂಚಿದರು. ಅನ್ಯಾಯದ ಕಡೆಯಿಂದ ವಕಾಲತ್ತು ಬಂದರೆ ಕಾಗದ ತಿರುಗಿ ಕೊಟ್ಟರು. ಅವಳು ಕುದುರೆಯೊಂದನ್ನು ಬಿಟ್ಟು ಉಳಿದದ್ದೆಲ್ಲವನ್ನೂ ಹೇಳಿದಳು. ಸುಳ್ಳು ಹೇಳುತ್ತಿದ್ದೇನೆ ಎನ್ನುವುದು ಗೊತ್ತಿತ್ತು. ಆದರೆ ಗಂಡನ ಬಗ್ಗೆ ಇಷ್ಟು ಚೆನ್ನಾಗಿ ಮಾತಾಡುವ ಹೆಂಡತಿಯನ್ನು ನಡುವೆ ತಡೆಯುವ ಮನಸ್ಸು ಅವಳಿಗೂ ಆಗಲಿಲ್ಲ.

"ಚುನಾವಣ್ಯಾಗ ಸೋತ ಮರುದಿನ" ಎಂದಳು, "ಎಲ್ಲಾರೂ ಮಾರಿ ಮುಚ್ಚಿಕೊಂಡು ಕೂಡತಾರ. ಇವರು ಗೆದ್ದವರ ಮನೀಗೇ ಹೋದರು. ಅವರ ಪಂಕ್ತಿಯೊಳಗ ಕುಂತು ಊಟಾ ಮಾಡಿ ಬಂದರು."

ಹೇಳಿದ ಮೇಲೆ ಗೊತ್ತಾಯಿತು. ಕ್ರೋಲನನ್ನು ಸೋಲಿಸಿದವನು ಸತ್ತು ಎಷ್ಟೋ ಕಾಲವಾಗಿದೆ. ವಿರೂಪಾಕ್ಷನನ್ನು ಸೋಲಿಸಿದವರು ಕೈಯಳತೆಯಲ್ಲಿ ಕುಳಿತಿದ್ದರು. ಎಲ್ಲರೂ ಮಡಿವಾಳೆಪ್ಪನವರ ಮುಖ ನೋಡತೊಡಗಿದರು. ಅವರು ತಲೆ ತಗ್ಗಿಸಿ ಕರವಸ್ತ್ರ ತೆಗೆದು ಬಾಯಿ ಒರೆಸಿಕೊಂಡರು. ಇಷ್ಟಕ್ಕೂ ಆ ಕತೆ ಕ್ರೋಲನ ವಿಷಯದಲ್ಲೂ ನಿಜವಲ್ಲ. ಮೊದಲು ಓದಿದ ದಿನ ಉತ್ಸಾಹ ತಾಳದೆ ಊಟದ ಹೊತ್ತಿನಲ್ಲಿ ವಿರೂಪಾಕ್ಷನಿಗೆ ಹೇಳಿದ್ದಳು; ತಿಂಗಳುಗಳಾದ ಮೇಲೆ ಅದು ಕ್ರೋಲನ ಅಳಿಯ ಇನ್ನೊಂದು ಚುನಾವಣೆಗಾಗಿ ಕಟ್ಟಿದ ಕತೆ ಇರಬೇಕು, ಬೇರೆ ಯಾವ ಆಧಾರವೂ ಇಲ್ಲ ಎಂದು ಕಂಡುಕೊಂಡು ಅಡಿಟಿಪ್ಪಣಿ ಹಾಕಿದ್ದಳು. ಅದನ್ನು ವಿರೂಪಾಕ್ಷನಿಗೆ ಹೇಳಿರಲಿಲ್ಲ. ಅವನು ಕೇಳಿರಲೂ ಇಲ್ಲ. ಅವಳು ಈಗ ಹೇಳಿದ್ದಕ್ಕೂ ಒಂದು ಅಡಿಟಿಪ್ಪಣಿ ಬೇಕಾಗಿತ್ತು, ಆದರೆ ಮೈಕಿನಲ್ಲಿ ಅದಕ್ಕೆ ಜಾಗವಿರುವುದಿಲ್ಲ. ಕೊನೆಯುಸಿರಿನ ಮಾತನ್ನು ಓದಿ, ಕೈ ಮುಗಿದು, ಬಂದು ಕುಳಿತಳು. ಚಪ್ಪಾಳೆ ತಟ್ಟಬಹುದೇ ಎಂದು ತಿಳಿಯದೆ ಅರ್ಧ ಜನ ತಟ್ಟಿ ನಿಲ್ಲಿಸಿದರು.

ಮಡಿವಾಳೆಪ್ಪನವರು ಅಧ್ಯಕ್ಷೀಯ ಭಾಷಣಕ್ಕೆ ಎದ್ದರು. ಉದ್ದ ಮಾತಾಡುತ್ತೇವೆ ಎಂದಿದ್ದವರು ಮೈಕಿನ ಕಂಬ ಹಿಡಿದು ಸುಮ್ಮನೆ ನಿಂತರು. "ತಂಗಿ ಹೇಳಿದ್ದು ಖರೇ ಐತಿ" ಎಂದರು. "ಅಂವ ಬಂದಿದ್ದ." ಇಷ್ಟೇ ಹೇಳಿ ಕುಳಿತುಬಿಟ್ಟರು.

ಅವಳಿಗೆ ನೆಲ ಬಿರಿದು ಒಳಗೆ ಹೋಗಬೇಕೆನಿಸಿತು. ವಿಧವೆಯ ಮಾನ ಉಳಿಸಲು ಐವತ್ತೈದು ದಾಟಿದ ವಕೀಲರೊಬ್ಬರು ತುಂಬಿದ ಸಭೆಯಲ್ಲಿ ಸುಳ್ಳು ಸಾಕ್ಷಿ ಹೇಳಿದರು. ಒಂದು ಗುಲಾಬಿ ಹೆಚ್ಚು ಕೊಟ್ಟ ಹಾಗೆ. ಕ್ಷಮೆ ಕೇಳಬೇಕು, ಈಗಲೇ ಕೇಳಬೇಕು, ಅದು ನನ್ನ ಗಂಡನಲ್ಲ ಬೇರೆಯವನು ಎಂದು ಹೇಳಬೇಕು. ಬೇರೆಯವನು ಯಾರು ಎಂದು ಕೇಳಿದರೆ? ಉಪ್ಪಿಟ್ಟು, ಚಹಾದ ಗದ್ದಲದಲ್ಲಿ ಅವರನ್ನು ಹುಡುಕಿಕೊಂಡು ಹೊರಗೆ ಬೇವಿನ ಮರದ ಕೆಳಗೆ ಬಂದಳು. ಅವರೂ ಅವಳನ್ನೇ ಹುಡುಕುತ್ತಿದ್ದರು.

"ಅಣ್ಣಾರ, ನಾ ಅಲ್ಲಿ..." ಎಂದು ಸುರುಮಾಡಿದಳು.

"ನಿನಗ ಹೇಳಿದ್ನಾ ಅಂವ?" ಎಂದರು ಮಡಿವಾಳೆಪ್ಪ. "ಕಳ್ಳ! ನನಗ ಮಾತ್ರ ಯಾರಿಗೂ ಹೇಳಬ್ಯಾಡ್ರಿ ಅಂತ ಕೈ ಮುಗದಿದ್ದ ನೋಡವಾ. ಮನ್ಯಾಗ ಗೊತ್ತಾದ್ರ ಆಕಿ ನಗತಾಳ ಅಂದಿದ್ದ."

ಅವರು ಒಮ್ಮೆ ಲೈಬ್ರರಿಯ ಕಡೆ ತಿರುಗಿ ನೋಡಿ ದನಿ ತಗ್ಗಿಸಿದರು.

"ಅವತ್ತ ಮಧ್ಯಾಹ್ನ ಬಾಗಲದಾಗ ಬಂದು ನಿಂತಾನ. ನಾ ಜಗಳಾ ತಗ್ಯಾಕ ಬಂದಾನಂತ ತಿಳಕೊಂಡೆ. ಹುಡುಗೂರ್ನ ಒಳಗ ಕರಕೋ ಅಂತ ನಮ್ಮಾಕಿಗೆ ಕಣ್ಣ ಸನ್ನಿ ಮಾಡಿದೆ. ಇಂವ ಚಪ್ಪಲಿ ಬಿಟ್ಟು ಒಳಗ ಬಂದು, 'ಅಣ್ಣಾರ, ಉಣ್ಣಾಕ ಬಂದೇನ್ರಿ' ಅಂದ. ಅಷ್ಟ. ಮಾರೀ ನೋಡಿದ್ರ ರಾತ್ರಿ ಪೂರಾ ನಿದ್ದಿ ಇಲ್ಲ. ಯಾಕಪಾ ಅಂತ ಕೇಳಿದೆ. 'ನಮ್ಮ ಸೀನಿಯರ್ ಸೋತಾಗ ಹಿಂಗ ಮಾಡಿದ್ರು, ನಾ ಹೆಂಗ ಬಿಡ್ಲಿ' ಅಂದ. ಎಲಾ ಇವನ! ನಿನ್ನ ಸೀನಿಯರ್ ವೈರಿ ಮನಿ ಮುಂದ ಹಾದಹೋಗಾಕೂ ಒಲ್ಲೆ ಅಂತಿದ್ರಲ್ಲೋ ಅಂದೆ. ನಕ್ಕ. 'ಅವರಲ್ರಿ ಅಣ್ಣಾರ, ಗ್ವಾಡಿ ಮ್ಯಾಲಿನವ್ರು' ಅಂದ. ಯಾವ ಗ್ವಾಡಿನೋ ಏನೋ, ನನಗೇನ ತಿಳಿಲಿಲ್ಲ ಬಿಡು."

ಬೇವಿನ ಮರದ ನೆರಳು ಅವಳ ಕಾಲ ಮೇಲೆ ಅಲ್ಲಾಡುತ್ತಿತ್ತು. ಅವತ್ತು ತಾಟು ಹಾಕಿ ಕಾದಿದ್ದಳು, ಅವನು ಹಸಿವಿಲ್ಲ ಎಂದಿದ್ದ. ನಿಜವಾಗಿಯೂ ಹಸಿವಿರಲಿಲ್ಲ. ಹೊಟ್ಟೆ ತುಂಬಿತ್ತು. ಊಟದ ಹೊತ್ತಿನಲ್ಲಿ ತುತ್ತಿನ ನಡುವೆ ಅವಳು ಹೇಳಿದ ಎಲ್ಲೋ ಯಾರದೋ ಕತೆಯನ್ನು ಅವನು ಕೇಳಿಸಿಕೊಂಡಿದ್ದ, ನಂಬಿದ್ದ, ಅದನ್ನು ಮಾಡಿ ಬಂದು ಅವಳ ಮುಂದೆಯೇ ನಕ್ಕಿದ್ದ. ಅವಳ ಬಾಯಿಂದ ಹೊರಟದ್ದು ಬೇರೆ ಯಾವ ಪ್ರಶ್ನೆಯೂ ಅಲ್ಲ.

"ಏನು ಉಂಡ್ರು?"

"ಏನಂದಿ?"

"ಅವತ್ತ. ನಿಮ್ಮ ಮನ್ಯಾಗ. ಏನು ಉಂಡ್ರು ಅಂದೆ."

ಮಡಿವಾಳೆಪ್ಪ ಅವಳನ್ನು ವಿಚಿತ್ರವಾಗಿ ನೋಡಿದರು, ಆದರೆ ಸಾಕ್ಷಿಕಟ್ಟೆಯಲ್ಲಿ ನಿಂತವರ ಹಾಗೆ ನೆನಪು ಮಾಡಿಕೊಂಡು ಹೇಳಿದರು. "ಏನೈತಿ, ರೊಟ್ಟಿ, ಬದ್ನಿಕಾಯಿ ಎಣಗಾಯಿ, ಶೇಂಗಾ ಹಿಂಡಿ, ಮಸರು. ಅದನ್ನ್ಯಾಕ ಕೇಳತಿ, ನಮ್ಮಾಕಿ ಇವತ್ತಿಗೂ ಹಾಡ್ಯಾಡತಾಳ. ಮೊದಲನೇ ತುತ್ತ ಬಾಯಾಗ ಇಟ್ಟ, ಆಕೀ ಕಡೆ ನೋಡಿದ. ಸೋತು ಬಂದಾಂವ, ಗೆದ್ದವರ ಮನ್ಯಾಗ ಕುಂತಾನ! 'ವೈನೀ, ಉಪ್ಪು ತುಸು ಕಡಿಮಿ ಆಗೇತಿ' ಅಂದ."

ನಗೆ ಎಲ್ಲಿಂದ ಬಂತೋ, ಅವಳಿಗೆ ತಡೆಯಲಾಗಲಿಲ್ಲ. ಮೊದಲು ಮೂಗಿನಲ್ಲಿ ಬಂತು, ಆಮೇಲೆ ಹೊಟ್ಟೆಯಿಂದ. ಸೆರಗನ್ನು ಬಾಯಿಗೆ ಒತ್ತಿ ಹಿಡಿದಳು, ಹೆಗಲು ಕುಲುಕತೊಡಗಿತು, ಗುಲಾಬಿಗಳು ಕೆಳಗೆ ಬಿದ್ದವು. ಗಂಡನ ಫೋಟೋ ಅನಾವರಣದ ದಿನ ಕೋರ್ಟಿನ ಅಂಗಳದಲ್ಲಿ ಬಿದ್ದು ಬಿದ್ದು ನಗುವ ಹೆಂಗಸು! ಜನ ಓಡಿ ಬಂದರು. ಮೀನಾ ನೀರು ತಂದಳು. "ಅಳ್ರಿ ಅಕ್ಕಾರ, ಅಳ್ರಿ, ಹಗುರಾಗತೈತಿ" ಎಂದು ಬೆನ್ನು ಸವರಿದಳು. ಯಾರೋ ಹೆಂಗಸು, ಪಾಪ ವರ್ಷದಿಂದ ಹಿಡಿದಿಟ್ಟಿತ್ತು ಎಂದಳು. ಮಡಿವಾಳೆಪ್ಪ ತಾನು ಏನು ಹೇಳಿಬಿಟ್ಟೆನೋ ಎಂಬಂತೆ ಕೈ ಹಿಸುಕಿಕೊಳ್ಳುತ್ತ ನಿಂತರು. ಅವಳು ಯಾರನ್ನೂ ತಿದ್ದಲು ಹೋಗಲಿಲ್ಲ. ಸೆರಗು ತೆಗೆದಾಗ ಅದು ಒದ್ದೆಯಾಗಿತ್ತು, ಯಾವುದರಿಂದ ಎಂದು ಅವಳೂ ಹೇಳಲಾರಳು.

ಮನೆಗೆ ಮರಳುವ ದಾರಿಯಲ್ಲಿ ಶಟ್ಟೆಪ್ಪ ಬೆನ್ನ ಹಿಂದೆ ಕೆಮ್ಮುತ್ತ ಬರುತ್ತಿದ್ದ. "ಬಾಯಾರ, ಫೀಸಿನ ಮಾತು ಒಂದು ಬಿಡಬೇಕಾಗಿತ್ರಿ. ಬಾಕಿ ಇಟ್ಟವರೆಲ್ಲ ಅಲ್ಲೇ ಕುಂತಿದ್ರು" ಎಂದ. ಅವಳು ಹೂಂ ಎಂದಳು. ರಸ್ತೆಯಲ್ಲಿ ಬಿದ್ದ ಅರಳೆ ಅರಳೆಯಾಗಿಯೇ ಕಾಣುತ್ತಿತ್ತು. ಕ್ರೋಲ್ ಗೆದ್ದವನ ಮನೆಗೆ ಹೋಗಿರಲಿಕ್ಕಿಲ್ಲ. ಅಡಿಟಿಪ್ಪಣಿ ಹಾಗೆಯೇ ಇರಲಿ. ವಿರೂಪಾಕ್ಷ ಹೋಗಿದ್ದ. ಅಡಿಟಿಪ್ಪಣಿಯನ್ನು ಆಗಲೇ ಹೇಳಿಬಿಟ್ಟಿದ್ದರೆ ಅವನು ಹೋಗುತ್ತಿದ್ದನೇ? ಬಹುಶಃ ಚಾದರ ಹೊದ್ದು ಇನ್ನೊಂದು ದಿನ ಮಲಗುತ್ತಿದ್ದ. ಗಂಡನಿಗೆ ಒಂದು ವಿಷಯವನ್ನು ಪೂರ್ತಿ ಹೇಳದೆ ಇದ್ದದ್ದೇ ಅವಳು ಮಾಡಿದ ಒಳ್ಳೆಯ ಸಂಸಾರ ಎಂದಾಯಿತು.

ರಾಚವ್ವ ಮೊಬೈಲನ್ನು ಕೈಯಳತೆ ದೂರ ಹಿಡಿದು ಕುಳಿತಿದ್ದಳು. ಬಾಯವ್ವನ ಮಗ ಸುನೀಲ ಸಭೆಯಿಂದಲೇ ಭಾಷಣದ ವಿಡಿಯೊ ಕಳಿಸಿದ್ದ. ಸಪ್ನಾ ಕಾಲು ತೊಳೆದು ಒಳಗೆ ಬಂದಾಗ ಅತ್ತೆ ತಲೆಯೆತ್ತಿದಳು.

"ಛಲೋ ಮಾತಾಡಿದಿ" ಎಂದಳು. "ಖರೆ ನೀ ಹೇಳಿದಾಂವ ಯಾರವಾ? ಅಂವ ನನ್ನ ಮಗ ಅಲ್ಲ."

ಸಪ್ನಾ ಉಣ್ಣಲು ಕುಳಿತಳು. ರಾಚವ್ವ ತಾಟು ಹಾಕಿದಳು, ರೊಟ್ಟಿ ಇಟ್ಟಳು, ಪಲ್ಯ ಬಡಿಸಿದಳು. ಮುಖ ಆ ಕಡೆ ತಿರುಗಿಸಿಕೊಂಡು, "ಅಲ್ಲೆ ಭಾಳ ಅತ್ತಿಯಂತ, ಸುನೀಲ ಹೇಳಿದ" ಎಂದಳು.

"ನಕ್ಕೇನ್ರಿ ಅತ್ತಿ."

ರಾಚವ್ವನ ಕೈ ನಿಂತಿತು.

"ಅವತ್ತ ಸೋತ ಮರುದಿನ ಮಡಿವಾಳೆಪ್ಪ ವಕೀಲರ ಮನ್ಯಾಗ ಉಂಡು ಬಂದಿದ್ರಂತ. ಅದಕ್ಕ ಮನ್ಯಾಗ ಉಣ್ಣಲಿಲ್ಲ."

"ಸುಳ್ಳು. ಅಂವ ಯಾಕ ಹೋಗತಾನ ಅವರ ಮನೀಗೆ?"

"ಹೋಗಿದ್ರಂತ. ಎಣಗಾಯಿ ಮಾಡಿದ್ರಂತ ಅವರು. ಒಂದ ತುತ್ತ ತಿಂದು, ಉಪ್ಪು ತುಸು ಕಡಿಮಿ ಆಗೇತಿ ಅಂದ್ರಂತ."

ರಾಚವ್ವ ಕೈಯಲ್ಲಿದ್ದ ಪಲ್ಯದ ಸೌಟನ್ನು ಕೆಳಗಿಟ್ಟಳು. ಆಮೇಲೆ ಗೋಡೆಗೆ ಒರಗಿ ನಿಧಾನವಾಗಿ ಕುಳಿತಳು. "ಗೆದ್ದಾಂವನ ಮನ್ಯಾಗ ಕುಂತು?" ಎಂದಳು.

"ಹೂಂನ್ರಿ."

"ಅವನ ಹೇಣ್ತಿಗೆ?"

"ಹೌದ್ರಿ ಅತ್ತಿ."

"ಹಂಗಾರ ಅಂವ ನನ್ನ ಮಗ" ಎಂದಳು ರಾಚವ್ವ, ಸೆರಗಿನಿಂದ ಮೂಗು ಒರೆಸಿಕೊಂಡು. "ಅವನ ಬಗ್ಗೆ ಹೇಳು."

ಸಪ್ನಾ ಹೇಳತೊಡಗಿದಳು. ಬಾಗಿಲಲ್ಲಿ ನಿಂತದ್ದು, ಹುಡುಗರನ್ನು ಒಳಗೆ ಕರೆದದ್ದು, ನಿದ್ದೆಯಿಲ್ಲದ ಮುಖ, ಶೇಂಗಾ ಹಿಂಡಿ. ರೊಟ್ಟಿ ಮುರಿದು ಪಲ್ಯದಲ್ಲಿ ಅದ್ದಿ ಬಾಯಿಗಿಟ್ಟಳು. ಉಪ್ಪು ಸರಿಯಾಗಿಯೇ ಇತ್ತು. ಆದರೂ ಕೈ ಚಾಚಿ ಬಟ್ಟಲನ್ನು ತನ್ನ ಕಡೆ ಎಳೆದುಕೊಂಡಳು.